ಮುರಿದ ಮೂಳೆಯ ಸಂಕೇತ
ವಿಜಯನಗರದ ವೃದ್ಧೆಯೊಬ್ಬರು ಬಚ್ಚಲಲ್ಲಿ ಜಾರಿ ಬಿದ್ದು ಬಲ ತೊಡೆಮೂಳೆ ಮುರಿದುಕೊಂಡರೆಂದು ಭಾವಿಸೋಣ. ಬಿದ್ದುದೇ ಕಾರಣವೆಂದು ನಾವೆನ್ನುತ್ತೇವೆ. ಆದರೆ ಆರೋಗ್ಯವಾದ ಮೂಳೆ ಅಷ್ಟು ಅಲ್ಪ ಪೆಟ್ಟಿಗೆ ಸಾಮಾನ್ಯವಾಗಿ ಮುರಿಯದು. ಅಸ್ಥಿರಂಧ್ರತೆ, ಎಂದರೆ ಆಸ್ಟಿಯೊಪೊರೋಸಿಸ್, ಅದನ್ನು ಮೊದಲೇ ಜಾಳಾಗಿಸಿರುತ್ತದೆ.

ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲಿ ಅಂಗೀಕರಿಸಿದ ರೋಗವರ್ಗೀಕರಣದಲ್ಲಿ ಇಂತಹ ಮುರಿತಕ್ಕೆ ‘ಎಂ80’ ಎಂಬ ಸಂಕೇತವುಂಟು. ಬರಿಯ ಗಾಯವೆಂದು ‘ಎಸ್72’ ಬರೆದರೆ ಮೂಲರೋಗವೇ ದಾಖಲೆಯಿಂದ ಮರೆಯಾದೀತು. ಅದಕ್ಕೆ ಚಿಕಿತ್ಸೆ ದೊರೆಯದೆ ಮತ್ತೊಂದು ಮೂಳೆಯೂ ಮುರಿದೀತು!

ಇದರ ಅಮೆರಿಕದ ರೂಪಾಂತರದಲ್ಲಿ (ಅಲ್ಲಿಯ ಆಸ್ಪತ್ರೆಗಳ ದಾಖಲೆಗಳಿಗಾಗಿ ಬೆಂಗಳೂರಿನ ಪದವೀಧರರನೇಕರು ಬಳಸುವುದು ಇದನ್ನೇ) ಏಳನೆಯ ಅಕ್ಷರವೊಂದುಂಟು. ‘ಎಂ80.051’ರ ಬಳಿಕ ‘ಡಿ’ ಇದ್ದರೆ ಮೂಳೆ ಕ್ರಮವಾಗಿ ಕೂಡುತ್ತಿದೆ. ‘ಜಿ’ ಇದ್ದರೆ ತಡವಾಗುತ್ತಿದೆ. ‘ಕೆ’ ಇದ್ದರೆ ಕೂಡಿಯೇ ಇಲ್ಲ. ಈ ‘ಜಿ’ಯನ್ನು ಸಂಕೇತಕಾರನು ದಿನವೆಣಿಸಿ ಊಹಿಸುವಂತಿಲ್ಲ, ವೈದ್ಯರೇ ಟಿಪ್ಪಣಿಯಲ್ಲಿ ಹಾಗೆಂದು ಬರೆದಿರಬೇಕು.