ಹಿಮದ ದಾರಿ ಕರಗಿದ ಮೇಲೆ: ಐಲ್ ರಾಯಲ್ ದ್ವೀಪದ ತೋಳಗಳು

1958ರಲ್ಲಿ ಅಮೆರಿಕದ ಪರ್ಡ್ಯೂ ವಿಶ್ವವಿದ್ಯಾಲಯದ ಜೀವಶಾಸ್ತ್ರಜ್ಞ ಡರ್ವರ್ಡ್ ಆಲೆನ್ ಒಂದು ದ್ವೀಪದ ತೋಳಗಳನ್ನು ಹತ್ತು ವರ್ಷ ಗಮನಿಸುವ ಯೋಜನೆ ಹಾಕಿಕೊಂಡರು. ಬೇಟೆಗಾರ ಪ್ರಾಣಿಗೂ ಬೇಟೆಗೂ ಇರುವ ಸಂಬಂಧ ಎಂಥದೆಂದು ತಿಳಿಯಲು ಅಷ್ಟು ಸಾಕು ಎಂಬುದು ಅಂದಾಜು. ಆ ಅಧ್ಯಯನ ಇನ್ನೂ ಮುಗಿದಿಲ್ಲ. ಆಲೆನ್ ನಂತರ ಮಿಷಿಗನ್ ಟೆಕ್ ವಿಶ್ವವಿದ್ಯಾಲಯದ ರೋಲ್ಫ್ ಪೀಟರ್ಸನ್, ಜಾನ್ ವುಸೆಟಿಚ್ ಅದನ್ನು ಮುಂದುವರಿಸಿದರು. ಪ್ರತಿ ಐದಾರು ವರ್ಷಕ್ಕೊಮ್ಮೆ ದ್ವೀಪವು ಹಿಂದಿನ ತೀರ್ಮಾನವನ್ನು ತಲೆಕೆಳಗು ಮಾಡುತ್ತಲೇ ಬಂದದ್ದರಿಂದ ಮುಗಿಸುವ ಮಾತೇ ಏಳಲಿಲ್ಲ. ಬೇಟೆಗಾರ ಮತ್ತು ಬೇಟೆ ಎರಡನ್ನೂ ಒಟ್ಟಿಗೆ ಇಷ್ಟು ದೀರ್ಘಕಾಲ ಹಿಂಬಾಲಿಸಿದ ಅಧ್ಯಯನ ಜಗತ್ತಿನಲ್ಲಿ ಇನ್ನೊಂದಿಲ್ಲ.

ದ್ವೀಪದ ಹೆಸರು ಐಲ್ ರಾಯಲ್. ಅಮೆರಿಕ ಮತ್ತು ಕೆನಡಾ ನಡುವೆ ಸಮುದ್ರದಂತೆ ಹರಡಿಕೊಂಡ ಸುಪೀರಿಯರ್ ಸರೋವರದಲ್ಲಿದೆ. ಉದ್ದ ಸುಮಾರು 72 ಕಿ.ಮೀ., ಅಗಲ 14 ಕಿ.ಮೀ. ಹತ್ತಿರದ ದಡಕ್ಕೂ ಇಪ್ಪತ್ತು ಕಿ.ಮೀ.ಗಿಂತ ಹೆಚ್ಚು ನೀರು. ಇಡೀ ದ್ವೀಪ ರಾಷ್ಟ್ರೀಯ ಉದ್ಯಾನ; ಬೇಟೆಯಾಡುವಂತಿಲ್ಲ, ಮರ ಕಡಿಯುವಂತಿಲ್ಲ. ಚಳಿಗಾಲದಲ್ಲಿ ಪ್ರವಾಸಿಗರಿಗೆ ಪ್ರವೇಶವೂ ಇಲ್ಲ. ಒಂದೇ ಬಗೆಯ ದೊಡ್ಡ ಸಸ್ಯಾಹಾರಿ, ಅದನ್ನು ತಿನ್ನುವ ಒಂದೇ ಬೇಟೆಗಾರ, ಸುತ್ತ ನೀರಿನ ಬೇಲಿ. ಪ್ರಯೋಗಶಾಲೆ ಬೇಕೆಂದು ಬೇಡಿಕೊಂಡರೂ ಇಷ್ಟು ಅಚ್ಚುಕಟ್ಟಾದದ್ದು ಸಿಗಲಾರದು.

ಆ ಸಸ್ಯಾಹಾರಿಯೇ ಮೂಸ್. ಜಿಂಕೆಗಳ ಕುಟುಂಬದಲ್ಲೆಲ್ಲ ದೊಡ್ಡದು. ಬೆಳೆದ ಗಂಡು 400 ಕಿಲೋ ಆಸುಪಾಸು ತೂಗುತ್ತದೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಮೂಸ್‌ಗಳು ಈ ದ್ವೀಪ ಸೇರಿದವು, ಬಹುಶಃ ಈಜಿಕೊಂಡು. ಹಿಡಿದು ತಿನ್ನುವವರಿಲ್ಲದೆ ಸಾವಿರಗಟ್ಟಲೆ ಬೆಳೆದವು. 1930ರ ಹೊತ್ತಿಗೆ ದ್ವೀಪಕ್ಕೆ ಬಂದ ಜೀವಶಾಸ್ತ್ರಜ್ಞ ಅಡಾಲ್ಫ್ ಮ್ಯೂರಿ, ಮೇವು ಬರಿದಾಗುತ್ತಿದೆ, ಹಸಿವಿನ ಸಾವು ಖಚಿತ ಎಂದು ಎಚ್ಚರಿಸಿದರು. ಕೆಲವೇ ವರ್ಷಗಳಲ್ಲಿ ಹಾಗೇ ಆಯಿತು. 1940ರ ದಶಕದ ಕೊನೆಯಲ್ಲೊಂದು ಚಳಿಗಾಲ, ಸರೋವರ ಹೆಪ್ಪುಗಟ್ಟಿದ್ದಾಗ, ಮಂಜುಗಡ್ಡೆಯ ಮೇಲೆ ನಡೆದುಕೊಂಡು ಕೆಲವು ತೋಳಗಳು ಬಂದವು. ನಂತರದ ತೋಳಗಳೆಲ್ಲ ಒಂದೇ ತಾಯಿಯ ಸಂತತಿಯೆಂದು ಮುಂದೆ ಡಿಎನ್ಎ ಪರೀಕ್ಷೆ ತೋರಿಸಿತು.

ಅಂದು ತೋಳವೆಂದರೆ ಅಮೆರಿಕಕ್ಕೆ ಪೀಡೆ. ಆಲೆನ್ ಕೆಲಸ ಆರಂಭಿಸಿದಾಗ ಮಿಷಿಗನ್ ರಾಜ್ಯದಲ್ಲಿ ತೋಳ ಕೊಂದವರಿಗೆ ಸರ್ಕಾರ ಇನ್ನೂ ಇನಾಮು ಕೊಡುತ್ತಿತ್ತು; ಅದು ನಿಂತದ್ದು 1960ರಲ್ಲಿ. ತೋಳ ಕಂಡದ್ದನ್ನೆಲ್ಲ ಕೊಲ್ಲುತ್ತದೆ ಎಂಬ ನಂಬಿಕೆಯ ಕಾಲದಲ್ಲಿ, ಆಲೆನ್ ಅವರ ವಿದ್ಯಾರ್ಥಿ ಡೇವಿಡ್ ಮೆಕ್ ಸಣ್ಣ ವಿಮಾನದಲ್ಲಿ ಕೂತು ತೋಳಗಳ ಗುಂಪನ್ನು ಹಿಮದ ಮೇಲೆ ಹಿಂಬಾಲಿಸಿದರು. ಕಂಡದ್ದು ಬೇರೆಯೇ. ಮೂಸ್ ತಿರುಗಿ ನಿಂತರೆ ತೋಳಗಳು ಸ್ವಲ್ಪ ಹೊತ್ತು ನೋಡಿ ಮುಂದೆ ಹೋಗುತ್ತಿದ್ದವು. ಹತ್ತು ಬಾರಿ ಪ್ರಯತ್ನಿಸಿದರೆ ಒಂದು ಬೇಟೆಯೂ ಸರಿಯಾಗಿ ದಕ್ಕುತ್ತಿರಲಿಲ್ಲ. ಒಂದು ಒದೆತಕ್ಕೆ ತೋಳದ ಪಕ್ಕೆಲುಬು ಮುರಿಯಬಹುದು; ಹಾಗಾಗಿ ಅವು ಹುಡುಕುವುದು ಮರಿಗಳನ್ನು, ಮುದಿಯಾದವನ್ನು, ಕಾಲು ಸೋತವನ್ನು.

ಕಾಲು ಸೋಲುವುದೇಕೆ ಎಂಬುದಕ್ಕೆ ಉತ್ತರ ಮೂಳೆಗಳಲ್ಲಿತ್ತು. ಪೀಟರ್ಸನ್ ತಂಡ ದಶಕಗಳ ಕಾಲ ಕಾಡು ಸುತ್ತಿ ಸಾವಿರಾರು ಮೂಸ್‌ಗಳ ಅವಶೇಷ ಆಯ್ದಿತು. ಮರಿಯಾಗಿದ್ದಾಗ ಹೊಟ್ಟೆಗೆ ಸಾಲದೆ ಬೆಳೆದ ಮೂಸ್‌ಗಳಿಗೆ ದೊಡ್ಡವಾದ ಮೇಲೆ ಸಂಧಿವಾತ ಬರುವುದು ಹೆಚ್ಚು ಎಂಬುದು ಆ ಮೂಳೆಗಳಿಂದ ತಿಳಿದುಬಂತು. ಎಂದರೆ, ಮೂಸ್ ವಿಪರೀತ ಹೆಚ್ಚಿ ಮೇವು ತೀರಿದ ವರ್ಷದ ಪರಿಣಾಮ ಹತ್ತು ವರ್ಷದ ನಂತರ ತೋಳಕ್ಕೆ ಸುಲಭದ ತುತ್ತಾಗಿ ಒದಗುತ್ತದೆ.

ಬೇಟೆ ಮುಗಿದ ಜಾಗದಲ್ಲೂ ಕೆಲಸ ನಿಲ್ಲುವುದಿಲ್ಲ. ರೇವನ್ ಎಂಬ ದೊಡ್ಡ ಕಾಗೆಗಳು ಮುಗಿಬಿದ್ದು ಮಾಂಸ ಕದಿಯುತ್ತವೆ. ಎರಡೇ ತೋಳಗಳಿದ್ದರೆ ಕಾಗೆಗಳ ಪಾಲಾಗುವುದೇ ಬಹಳ. ಗುಂಪು ದೊಡ್ಡದಾದಷ್ಟೂ ನಷ್ಟ ಕಡಿಮೆ. ತೋಳಗಳು ಗುಂಪಾಗಿ ಬದುಕಲು ಇದೂ ಒಂದು ಕಾರಣ ಎಂದು ವುಸೆಟಿಚ್ ತಂಡ ಲೆಕ್ಕ ಹಾಕಿ ತೋರಿಸಿತು. ಉಳಿದ ಎಲುಬು, ಕೂದಲು, ರಕ್ತ ಮಣ್ಣು ಸೇರುತ್ತವೆ. ಅಂಥ ಕಡೆ ಸಾರಜನಕ, ರಂಜಕ, ಪೊಟ್ಯಾಷಿಯಂ ಸುತ್ತಲ ಮಣ್ಣಿಗಿಂತ ಹೆಚ್ಚಾಗಿ, ಅಲ್ಲಿ ಬೆಳೆಯುವ ಗಿಡದ ಎಲೆಯಲ್ಲೂ ಅದು ಕಾಣುತ್ತದೆ.

ಮರಗಳೂ ಸಾಕ್ಷಿ ನುಡಿದವು. ಚಳಿಗಾಲದಲ್ಲಿ ಮೂಸ್‌ಗಳ ಮುಖ್ಯ ಮೇವು ಬಾಲ್ಸಂ ಫರ್ ಎಂಬ ಸೂಚಿಪರ್ಣಿ ಮರದ ಎಳೆಯ ಕೊಂಬೆ. ಈ ಮರಗಳ ವಾರ್ಷಿಕ ಉಂಗುರಗಳನ್ನು ಅಳೆದು 1994ರಲ್ಲಿ ಮೆಕ್‌ಲಾರೆನ್ ಮತ್ತು ಪೀಟರ್ಸನ್ ಪ್ರಕಟಿಸಿದ ಲೇಖನ ಪ್ರಸಿದ್ಧವಾಯಿತು. ತೋಳಗಳು ಕಡಿಮೆಯಾಗಿ ಮೂಸ್ ಹೆಚ್ಚಿದ ವರ್ಷಗಳಲ್ಲಿ ಉಂಗುರ ತೆಳ್ಳಗೆ. ತೋಳ ಹೆಚ್ಚಿದಾಗ ಮರ ಉಸಿರು ಬಿಟ್ಟಂತೆ ದಪ್ಪ ಉಂಗುರ.

ಇಷ್ಟನ್ನೇ ಓದಿದರೆ ತೋಳ, ಮೂಸ್, ಮರ ಮೂರೂ ತಕ್ಕಡಿಯಲ್ಲಿ ತೂಗಿಟ್ಟಂತೆ ಇರುತ್ತವೆ ಎನ್ನಿಸಬಹುದು. ಆರಂಭದ ವರ್ಷಗಳಲ್ಲಿ ವಿಜ್ಞಾನಿಗಳಿಗೂ ಹಾಗೇ ಅನ್ನಿಸಿತ್ತು. ಆ ನಂಬಿಕೆ ಮುರಿದದ್ದು 1980ರ ನಂತರ.

ತಕ್ಕಡಿ ಮುರಿದ ಬಗೆ

1980ರಲ್ಲಿ ದ್ವೀಪದಲ್ಲಿ 50 ತೋಳಗಳಿದ್ದವು. 1982ರಲ್ಲಿ ಉಳಿದದ್ದು 14. ನಾಯಿಗಳಿಗೆ ತಗಲುವ ಪಾರ್ವೊ ವೈರಸ್ ದ್ವೀಪಕ್ಕೆ ಬಂದಿತ್ತು; ನಿಯಮ ಮೀರಿ ಯಾರೋ ಕರೆತಂದ ಸಾಕುನಾಯಿಯಿಂದ ಬಂದಿರಬೇಕೆಂಬುದು ಸಂಶೋಧಕರ ಅಂದಾಜು. ತೋಳ ಕಡಿಮೆಯಾದಂತೆ ಮೂಸ್ ಬೆಳೆದು 1996ಕ್ಕೆ ಸುಮಾರು 2,400 ಮುಟ್ಟಿದವು. ಮರುವರ್ಷ ಸುಮಾರು 500. ಈ ಬಾರಿ ಕೊಂದದ್ದು ತೋಳ ಅಲ್ಲ: ಬರಿದಾದ ಮೇವು, ಕಡುಚಳಿ, ಮೈಮೇಲೆ ಸಾವಿರ ಸಾವಿರವಾಗಿ ಹತ್ತಿ ರಕ್ತ ಹೀರುವ ಉಣುಗು. ಒಂದು ವೈರಸ್, ಒಂದು ಚಳಿಗಾಲ, ಒಂದು ಉಣುಗು, ಇವುಗಳಲ್ಲಿ ಯಾವುದೂ ತೋಳ ಮತ್ತು ಮೂಸ್‌ಗಳ ಲೆಕ್ಕದೊಳಗೆ ಇರಲಿಲ್ಲ.

ಅದೇ 1997ರಲ್ಲಿ ಇನ್ನೊಂದು ಸಂಗತಿ ನಡೆಯಿತು; ಗೊತ್ತಾದದ್ದು ಬಹಳ ತಡವಾಗಿ, ಅದೂ ಹಿಕ್ಕೆಯಲ್ಲಿ ಸಿಕ್ಕ ಡಿಎನ್ಎಯಿಂದ. ಮಂಜುಗಡ್ಡೆ ದಾಟಿ ಹೊರಗಿನ ಒಂದು ಗಂಡು ತೋಳ ಬಂದಿತ್ತು. ದಾಖಲೆಯಲ್ಲಿ ಅದರ ಸಂಖ್ಯೆ 93. ಸ್ಥಳೀಯ ತೋಳಗಳಿಗಿಂತ ಮೈಕಟ್ಟಿನಲ್ಲಿ ದೊಡ್ಡದು. ಅದಕ್ಕೆ 34 ಮರಿಗಳಾದವು. ಕೆಲವೇ ವರ್ಷಗಳಲ್ಲಿ ದ್ವೀಪದ ತೋಳಗಳ ವಂಶವಾಹಿಗಳಲ್ಲಿ ಅರ್ಧಕ್ಕಿಂತ ಹೆಚ್ಚು ಈ ಒಂದು ಪ್ರಾಣಿಯದಾದವು. ದಶಕಗಳಿಂದ ರಕ್ತಸಂಬಂಧಿಗಳೊಳಗೇ ಕೂಡಿ ಬೆನ್ನುಮೂಳೆ ವಿಕಾರಗೊಂಡಿದ್ದ ಸಂತತಿಗೆ ಹೊಸ ರಕ್ತ ಸೇರಿತು. ಆದರೆ ಮರಿಗಳೆಲ್ಲ ಒಂದೇ ತಂದೆಯವಾದ ಮೇಲೆ ಮುಂದಿನ ಪೀಳಿಗೆ ಮತ್ತೆ ಒಳಗೊಳಗೇ ಕೂಡಬೇಕಾಯಿತು. ಉಪಕಾರ ಹೆಚ್ಚು ಕಾಲ ಉಳಿಯಲಿಲ್ಲ.

ಮತ್ತೊಂದು 93 ಬರಬೇಕಿತ್ತು. ಬರುವ ದಾರಿ ಕರಗಿತ್ತು. 1960ರ ದಶಕದಲ್ಲಿ ಬಹುತೇಕ ಚಳಿಗಾಲಗಳಲ್ಲಿ ದಡದಿಂದ ದ್ವೀಪದವರೆಗೆ ಸರೋವರ ಹೆಪ್ಪುಗಟ್ಟುತ್ತಿತ್ತು. ಭೂಮಿ ಬಿಸಿಯಾದಂತೆ ಅದು ಅಪರೂಪವಾಯಿತು. 2011–12ರ ಚಳಿಗಾಲದಲ್ಲಿ ಹಳೆಯ ತಾಮ್ರದ ಗಣಿಯ ನೀರು ತುಂಬಿದ ಗುಂಡಿಯಲ್ಲಿ ಮೂರು ತೋಳಗಳು ಮುಳುಗಿ ಸತ್ತವು. 2016ಕ್ಕೆ ಉಳಿದದ್ದು ಎರಡೇ, ಒಂದು ಗಂಡು, ಒಂದು ಹೆಣ್ಣು. ಅವು ತಂದೆ–ಮಗಳು, ಎರಡಕ್ಕೂ ತಾಯಿ ಒಂದೇ ಆದ್ದರಿಂದ ಒಡಹುಟ್ಟಿದವೂ ಹೌದು. 2015ರಲ್ಲಿ ಕಾಣಿಸಿಕೊಂಡ ವಿಕಾರ ಬಾಲದ ಮರಿ ಮರುವರ್ಷ ಇರಲಿಲ್ಲ. ತಡೆಯುವವರಿಲ್ಲದ ಮೂಸ್‌ಗಳು 2019ಕ್ಕೆ 2,000 ದಾಟಿದವು. ಎಳೆಯ ಫರ್ ಮರಗಳು ಮೊಣಕಾಲೆತ್ತರದಲ್ಲೇ ಮುರುಟಿದವು.

ಕೈ ಹಾಕಬೇಕೋ ಬೇಡವೋ

ಇಲ್ಲಿ ಎದ್ದ ಚರ್ಚೆಗೆ ಎರಡೂ ಬದಿಯಲ್ಲಿ ಗಟ್ಟಿ ಮಾತುಗಳಿದ್ದವು. ಬಹುಪಾಲು ದ್ವೀಪ ಕಾನೂನಿನ ಪ್ರಕಾರ ಅಸ್ಪೃಷ್ಟ ವನ್ಯಪ್ರದೇಶ. ದ್ವೀಪಗಳಲ್ಲಿ ಪ್ರಾಣಿಗಳು ಬರುವುದು, ಅಳಿಯುವುದು ಪ್ರಕೃತಿಯ ರೀತಿ, ಸುಮ್ಮನಿರಿ ಎಂದರು ಕೆಲವರು. ಮಂಜುಗಡ್ಡೆ ಕರಗಿಸಿದ್ದೇ ಮನುಷ್ಯ, ವೈರಸ್ ತಂದದ್ದೂ ಗುಂಡಿ ತೋಡಿದ್ದೂ ಮನುಷ್ಯನೇ, ಈಗ ಸುಮ್ಮನಿರುವುದೂ ಒಂದು ಹಸ್ತಕ್ಷೇಪವೇ ಎಂದರು ಇನ್ನು ಕೆಲವರು. 2018ರಲ್ಲಿ ರಾಷ್ಟ್ರೀಯ ಉದ್ಯಾನ ಸೇವೆ ಹೊರಗಿನಿಂದ ತೋಳ ತರುವ ನಿರ್ಧಾರಕ್ಕೆ ಬಂತು.

2018ರ ಶರತ್ಕಾಲದಿಂದ 2019ರ ಶರತ್ಕಾಲದೊಳಗೆ ಮಿನೆಸೋಟ, ಮಿಷಿಗನ್ ಮತ್ತು ಕೆನಡಾದ ಒಂಟಾರಿಯೊದಿಂದ 19 ತೋಳಗಳನ್ನು ವಿಮಾನ, ದೋಣಿ, ಹೆಲಿಕಾಪ್ಟರ್‌ಗಳಲ್ಲಿ ತಂದು ಬಿಟ್ಟರು. ಕೆಲವು ಬಂದದ್ದು ಅದೇ ಸರೋವರದ ಮಿಶಿಪಿಕೋಟನ್ ದ್ವೀಪದಿಂದ. ಅಲ್ಲಿನ ಕಥೆ ಇದರ ತದ್ವಿರುದ್ಧ. 2014ರ ಕಡುಚಳಿಯಲ್ಲಿ ಮಂಜಿನ ಮೇಲೆ ಅಲ್ಲಿಗೆ ನಡೆದುಹೋದ ತೋಳಗಳು ನೂರಾರು ಕ್ಯಾರಿಬೂ ಜಿಂಕೆಗಳನ್ನು ಬಹುತೇಕ ಮುಗಿಸಿ, ಕೊನೆಗೆ ತಾವೇ ಹಸಿದು ಸೊರಗಿದ್ದವು. ಅದೇ ಪ್ರಾಣಿ, ಅದೇ ಸರೋವರ. ಒಂದು ದ್ವೀಪದಲ್ಲಿ ಕಾಡು ಕಾಯಿತು, ಇನ್ನೊಂದರಲ್ಲಿ ಬೇಟೆಯನ್ನೇ ಅಳಿಸಿತು. ಇತ್ತ ಐಲ್ ರಾಯಲ್‌ಗೆ ತಂದ ಹೆಣ್ಣು ತೋಳವೊಂದು, 2019ರ ಜನವರಿ ಕೊನೆಯಲ್ಲಿ ಅಪರೂಪಕ್ಕೆ ಸರೋವರ ಹೆಪ್ಪುಗಟ್ಟಿದ್ದೇ ತಡ, ನಡೆದುಕೊಂಡು ವಾಪಸು ಹೊರಟುಹೋಯಿತು.

ಉಳಿದವು ನೆಲೆಯೂರಿದವು, ಮರಿ ಹಾಕಿದವು. 2024ರ ಅಂದಾಜಿನಲ್ಲಿ ತೋಳಗಳು 30, ಮೂಸ್ 840. ಆ ವರ್ಷದ ವಿಮಾನ ಸಮೀಕ್ಷೆಯನ್ನು ಅರ್ಧಕ್ಕೇ ನಿಲ್ಲಿಸಬೇಕಾಯಿತು. ಹಿಮದ ಮೇಲಿಳಿಯುವ ವಿಮಾನಕ್ಕೆ ಬೇಕಾದಷ್ಟು ಗಟ್ಟಿ ಮಂಜೇ ಇರಲಿಲ್ಲ.

ಉತ್ತರದ ಕಾಡುಗಳಲ್ಲಿ ತೋಳ ಬಂದರೆ ಎಲ್ಲವೂ ಸರಿಹೋಗುತ್ತದೆ ಎಂಬ ಕಥೆ ಜನಪ್ರಿಯ. 1995ರಲ್ಲಿ ಯೆಲ್ಲೊಸ್ಟೋನ್ ಉದ್ಯಾನಕ್ಕೆ ತೋಳಗಳನ್ನು ಮರಳಿಸಿದ ಮೇಲೆ ಅದು ಇನ್ನಷ್ಟು ಹರಡಿತು. ಆದರೆ ಕೊಲೊರಾಡೊ ಸ್ಟೇಟ್ ವಿಶ್ವವಿದ್ಯಾಲಯದವರು ಅಲ್ಲಿ ಇಪ್ಪತ್ತು ವರ್ಷ ನಡೆಸಿದ ಪ್ರಯೋಗದ ಪ್ರಕಾರ, ಹೊಳೆದಂಡೆಯ ವಿಲ್ಲೊ ಗಿಡಗಳು ಮೊದಲಿನಂತಾಗಲು ತೋಳ ಮಾತ್ರ ಸಾಲದು. ತೋಳವಿಲ್ಲದ ದಶಕಗಳಲ್ಲಿ ಬೀವರ್ ಎಂಬ ಪ್ರಾಣಿಗಳೂ ಅವು ಹೊಳೆಗೆ ಕಟ್ಟುತ್ತಿದ್ದ ಒಡ್ಡುಗಳೂ ಹೋಗಿ ಅಂತರ್ಜಲ ಕುಸಿದಿತ್ತು. ಕಳೆದುಹೋದ ಬೇಟೆಗಾರನನ್ನು ಮರಳಿ ತರಬಹುದು. ಆ ನಡುವೆ ಕಳೆದುಹೋದದ್ದೆಲ್ಲ ಅದರ ಜೊತೆಗೆ ಬರುವುದಿಲ್ಲ.

ಈ ಪಾಠ ಉತ್ತರಕ್ಕೆ ಮಾತ್ರ ಸೀಮಿತವಲ್ಲ. ನಮ್ಮಲ್ಲಿ ತೋಳಕ್ಕೆಂದೇ 1974ರಲ್ಲಿ ಮೇಲುಕೋಟೆ ಅಭಯಾರಣ್ಯ ಆಯಿತು. ಈಗ ಕೊಪ್ಪಳ ಜಿಲ್ಲೆಯ ಬಂಕಾಪುರವೂ ಇದೆ. ಕುರುಚಲು ಕಾಡು, ಹುಲ್ಲುಗಾವಲಿನ ಈ ತೋಳಗಳ ಬದುಕು ಬೇರೆ ಬಗೆಯದು. ಆದರೆ ಹೊಲ, ರಸ್ತೆ, ಊರುಗಳ ನಡುವೆ ಉಳಿದ ಸಣ್ಣ ತುಂಡು ನೆಲವೂ ತೋಳದ ಪಾಲಿಗೆ ದ್ವೀಪವೇ. ಎಷ್ಟು ಎಕರೆ ಬೇಲಿ ಹಾಕಿದೆವು ಎನ್ನುವಷ್ಟೇ ಮುಖ್ಯವಾದ ಪ್ರಶ್ನೆ, ಒಂದು ತುಂಡಿನಿಂದ ಇನ್ನೊಂದಕ್ಕೆ ತೋಳ ಜೀವಸಹಿತ ನಡೆದು ಹೋಗಬಲ್ಲುದೇ ಎಂಬುದು. ಐಲ್ ರಾಯಲ್‌ನಲ್ಲಿ ಆ ದಾರಿಯನ್ನು ಚಳಿಗಾಲವೇ ಹಾಕಿಕೊಡುತ್ತಿತ್ತು. ಇನ್ನು ಮುಂದೆ ಅಲ್ಲಿ ಕೆಲವು ದಶಕಗಳಿಗೊಮ್ಮೆ ಮನುಷ್ಯರೇ ತೋಳಗಳನ್ನು ಹೊತ್ತು ತರಬೇಕಾದೀತು.