ಬಸವಿ ಪದ್ಧತಿ ಮತ್ತು ಬಿಡುಗಡೆ: ರಾಯಚೂರು, ದೇವದುರ್ಗ, ಮಾನ್ವಿ ಪರಿಸರ

ಗಂಡುಸಂತಾನವಿಲ್ಲದ ಮನೆಯಲ್ಲಿ ಮಗಳೊಬ್ಬಳನ್ನು ದೇವರಿಗೆ ಬಿಟ್ಟು, ಅವಳನ್ನೇ ಮಗನ ಸ್ಥಾನದಲ್ಲಿ ನಿಲ್ಲಿಸುವ ಬಸವಿ ಪದ್ಧತಿಯು ಕೃಷ್ಣಾ-ತುಂಗಭದ್ರಾ ನದಿಗಳ ನಡುವಣ ರಾಯಚೂರು, ದೇವದುರ್ಗ, ಮಾನ್ವಿ ಪರಿಸರದಲ್ಲಿ ದೀರ್ಘಕಾಲ ಬಳಕೆಯಲ್ಲಿತ್ತು. ಮುತ್ತು ಕಟ್ಟಿಸಿಕೊಂಡವಳು ತವರಿನಲ್ಲಿಯೇ ಉಳಿಯುತ್ತಿದ್ದಳು. ತಂದೆಯ ಆಸ್ತಿ ಅವಳಿಗೆ ಸಲ್ಲುತ್ತಿತ್ತು. ಅವಳ ಮಕ್ಕಳು ತಾಯಿಯ ಮನೆತನದವರೆನಿಸುತ್ತಿದ್ದರು. ಹೊಲಮನೆಯುಳ್ಳವರಿಗೆ ಇದು ವಂಶವನ್ನು ಉಳಿಸಿಕೊಳ್ಳುವ ಉಪಾಯ. ಹೊಲವಿಲ್ಲದ ದಲಿತ ಕುಟುಂಬದಲ್ಲಿ ಉಳಿಸಿಕೊಳ್ಳಲು ಆಸ್ತಿಯೇ ಇರಲಿಲ್ಲ. ಹೆಣ್ಣಿನ ದೇಹ ಮಾತ್ರ ಊರಿನ ಬಲಿಷ್ಠರ ವಶವಾಯಿತು. ಬಸವಿಯನ್ನು ಸ್ವತಂತ್ರ ಹೆಣ್ಣೆಂದು ಬಣ್ಣಿಸುವ ವಿದ್ವಾಂಸರು ಈ ವ್ಯತ್ಯಾಸವನ್ನು ಅಷ್ಟಾಗಿ ಲಕ್ಷಿಸುವುದಿಲ್ಲ.

ಕಾನೂನಿನ ನೆರವು ಈ ನೆಲಕ್ಕೆ ತಡವಾಗಿ ಬಂದಿತು. ಮುಂಬಯಿ ಪ್ರಾಂತದಲ್ಲಿ 1934ರಲ್ಲಿ, ಮದ್ರಾಸು ಪ್ರಾಂತದಲ್ಲಿ 1947ರಲ್ಲಿ ದೇವದಾಸಿ ಸಮರ್ಪಣೆಯನ್ನು ನಿಷೇಧಿಸಲಾಯಿತು. ತುಂಗಭದ್ರೆಯ ಆಚೆ ದಡದ ಬಳ್ಳಾರಿ ಮದ್ರಾಸಿಗೆ ಸೇರಿತ್ತು. ಈಚೆ ದಡದ ರಾಯಚೂರು ನಿಜಾಮರ ಹೈದರಾಬಾದು ಸಂಸ್ಥಾನಕ್ಕೆ. ಹೀಗಾಗಿ ಒಂದೇ ಹೊಳೆಯ ಎರಡು ದಡಗಳಲ್ಲಿ ಎರಡು ನ್ಯಾಯ. 1948ರ ಸೆಪ್ಟೆಂಬರಿನ ವಿಮೋಚನೆ, 1949ರ ಜಾಗೀರು ರದ್ದತಿ, 1950ರ ಗೇಣಿ ಕಾಯಿದೆ ಇವು ರೈತನ ಬದುಕನ್ನು ಬದಲಿಸಲು ಹೊರಟವು. ಇವಾವುವೂ ಬಸವಿಯನ್ನು ಕುರಿತವಾಗಿರಲಿಲ್ಲ.

1956ರ ಹಿಂದೂ ಉತ್ತರಾಧಿಕಾರ ಕಾಯಿದೆಯು ಮಗಳಿಗೆ, ಮಗಳಾಗಿಯೇ, ತಂದೆಯ ಸ್ವತ್ತಿನಲ್ಲಿ ಹಕ್ಕು ನೀಡಿತು. ಆಸ್ತಿಗಾಗಿ ಬಸವಿ ಬಿಡುವ ಕಾರಣ ಅಲ್ಲಿಗೆ ಸಡಿಲಗೊಂಡಿತಾದರೂ ಹರಕೆ ಮತ್ತು ಬಡತನಗಳು ಉಳಿದವು. ಅದೇ ವರ್ಷ ರಾಯಚೂರು ಮೈಸೂರು ರಾಜ್ಯಕ್ಕೆ ಸೇರಿತು. ಇಡೀ ಕರ್ನಾಟಕಕ್ಕೆ ಅನ್ವಯಿಸುವ ನಿಷೇಧ ಕಾಯಿದೆ ರೂಪುಗೊಂಡದ್ದು 1982ರಲ್ಲಿ. ದೇವರಿಗೆ ಬಿಟ್ಟವಳ ಮದುವೆಯನ್ನು ಅದು ಸಿಂಧುವೆಂದಿತು. ಬಿಟ್ಟವರು ತಂದೆತಾಯಿಗಳಾಗಿದ್ದರೆ ಅವರಿಗೆ ಹೆಚ್ಚಿನ ಶಿಕ್ಷೆಯನ್ನು ವಿಧಿಸಿತು.

ಜೋಗತಿಯರು ಚೌಡಿಕೆಯೊಂದಿಗೆ ಹಾಡುವ ಎಲ್ಲಮ್ಮನ ಕಥೆಯನ್ನು ಇಲ್ಲಿ ನೆನೆಯಬೇಕು. ಗಂಡನ ಆಣತಿಯಂತೆ ಮಗನ ಕೈಯಲ್ಲಿ ತಲೆ ಕಡಿಸಿಕೊಂಡವಳ ಕಥೆಯದು. ಸಮರ್ಪಣೆಯನ್ನು ಸಮರ್ಥಿಸಿದ ಅದೇ ಪರಂಪರೆಯು ಹೆಣ್ಣಿಗಾದ ಅನ್ಯಾಯವನ್ನೂ ನೆನಪಿನಲ್ಲಿಟ್ಟುಕೊಂಡಿದೆ. ನಿಷೇಧದ ಭರದಲ್ಲಿ ಹಾಡನ್ನೂ ಅಪರಾಧವೆಂಬಂತೆ ಕಾಣುವುದು ಸರಿಯಲ್ಲ.

1993-94 ಮತ್ತು 2007-08ರ ಸರ್ಕಾರಿ ಸಮೀಕ್ಷೆಗಳು ರಾಜ್ಯದಲ್ಲಿ ಒಟ್ಟು 46,660 ಮಾಜಿ ದೇವದಾಸಿಯರನ್ನು ಗುರುತಿಸಿದವು. ಪುನರ್ವಸತಿಯ ಸೌಲಭ್ಯಗಳಿಗೆ ಈ ಪಟ್ಟಿಯೇ ಆಧಾರವಾಯಿತು. ಆದರೆ ಕಾಯಿದೆಯ ನಂತರ ಮುತ್ತು ಕಟ್ಟಿಸಿಕೊಂಡವಳು ಹೆಸರು ಬರೆಸಿದರೆ ಹೆತ್ತವರೇ ಅಪರಾಧಿಗಳಾಗುವರು. ಆದುದರಿಂದ ಈ ಎಣಿಕೆಯನ್ನು ಪೂರ್ಣವೆಂದು ಗ್ರಹಿಸಲಾಗದು.