ಕಾವೇರಿಯ ಕಲ್ಲುಸೇತುವೆಗಳು ಮತ್ತು ಲಾರಿಯ ಭಾರ

2018ರ ಮಳೆಗಾಲದ ಪ್ರವಾಹದಲ್ಲಿ ಶಿವನಸಮುದ್ರದ ಹಳೆಯ ಕಲ್ಲುಸೇತುವೆಯ ಒಂದು ಭಾಗ ಕಾವೇರಿಯ ಪಾಲಾಯಿತು. ದಾಖಲೆಗಳಲ್ಲಿ ಅದರ ಹೆಸರು ವೆಲ್ಲೆಸ್ಲಿ ಸೇತುವೆ. ಸುತ್ತಲಿನ ಜನರ ಬಾಯಲ್ಲಿ ಅದು ವೆಸ್ಲಿ ಸೇತುವೆ. ಹೆದ್ದಾರಿಯ ವಾಹನಗಳಿಗೆ ಅದಾಗಲೇ ಪ್ರತ್ಯೇಕ ಹೊಸ ಸೇತುವೆ ಇದ್ದುದರಿಂದ ಮಳವಳ್ಳಿ–ಕೊಳ್ಳೇಗಾಲ ನಡುವಣ ಸರಕು ಸಾಗಣೆ ನಿಲ್ಲಲಿಲ್ಲ. ಆ ಹೊಸ ಸೇತುವೆ ಇಲ್ಲದಿದ್ದಲ್ಲಿ ಪ್ರತಿಯೊಂದು ಲಾರಿಯೂ ತಿ. ನರಸೀಪುರದ ಮೂಲಕ ಸುತ್ತಿ ಬರಬೇಕಾಗುತ್ತಿತ್ತು. ಆ ಸುತ್ತಿನ ಡೀಸೆಲ್ ವೆಚ್ಚ ಯಾರ ಲೆಕ್ಕಕ್ಕೆ ಬೀಳುತ್ತದೆ ಎಂಬುದನ್ನು ವರ್ತಕರಿಗೆ ವಿವರಿಸಬೇಕಾಗಿಲ್ಲ.

ಸುಮಾರು ಎರಡು ಶತಮಾನಗಳ ಕಾಲ ನಿಂತಿದ್ದ ಕಲ್ಲಿನ ಕಟ್ಟಡವೊಂದು ಹೇಗೆ ನಿಂತಿತ್ತು, ಅದರ ಮೇಲೆ ಇಂದಿನ ಲಾರಿ ಏಕೆ ಹೋಗಲಾಗದು ಎಂಬುದನ್ನು ತಿಳಿದರೆ, ಸೇತುವೆಗಳ ಬಳಿ ನೆಟ್ಟಿರುವ ಭಾರಮಿತಿಯ ಫಲಕದ ಅರ್ಥವೂ ತಿಳಿಯುತ್ತದೆ.

ಕಾವೇರಿಯ ಮೇಲೆ ಈ ಮಾದರಿಯ ಪ್ರಸಿದ್ಧ ಸೇತುವೆ ಶ್ರೀರಂಗಪಟ್ಟಣದ್ದು. ಮೂರನೆಯ ಕೃಷ್ಣರಾಜ ಒಡೆಯರು ಇನ್ನೂ ಬಾಲಕರಾಗಿದ್ದ ಕಾಲದಲ್ಲಿ ದಿವಾನ್ ಪೂರ್ಣಯ್ಯನವರು ಅದನ್ನು ಕಟ್ಟಿಸಿದರು. 1804ರಲ್ಲಿ ಪೂರ್ಣಗೊಂಡ ಆ ಸೇತುವೆಗೆ ಅಂದಿನ ಗವರ್ನರ್ ಜನರಲ್ ಮಾರ್ಕ್ವಿಸ್ ವೆಲ್ಲೆಸ್ಲಿಯ ಹೆಸರಿಡಲಾಯಿತು. 1924ರ ಮಹಾಪ್ರವಾಹವನ್ನೂ ತಾಳಿಕೊಂಡ ಅದು ಇಂದಿಗೂ ನಿಂತಿದೆಯಾದರೂ ವಾಹನ ಸಂಚಾರದಿಂದ ನಿವೃತ್ತವಾಗಿದೆ.

ಶಿವನಸಮುದ್ರದ ಕಥೆ ಸ್ವಲ್ಪ ಬೇರೆ. ಅಲ್ಲಿ ಕಾವೇರಿಯು ಎರಡಾಗಿ ಕವಲೊಡೆದು, ನಡುವೆ ದ್ವೀಪವನ್ನು ಬಿಟ್ಟು, ಗಗನಚುಕ್ಕಿ ಮತ್ತು ಭರಚುಕ್ಕಿಗಳಾಗಿ ಧುಮುಕುತ್ತದೆ. ಒಂದು ದಡ ಮೈಸೂರು ಸಂಸ್ಥಾನದ್ದು; ಇನ್ನೊಂದು ದಡದ ಕೊಳ್ಳೇಗಾಲ 1956ರ ರಾಜ್ಯ ಪುನರ್ವಿಂಗಡಣೆಯವರೆಗೂ ಮದರಾಸಿನ ಆಡಳಿತಕ್ಕೊಳಪಟ್ಟ ಕೊಯಮತ್ತೂರು ಜಿಲ್ಲೆಯ ಭಾಗವಾಗಿತ್ತು. ಆದುದರಿಂದ ಇಲ್ಲಿನ ಸೇತುವೆಗಳು ಎರಡು ದಡಗಳನ್ನಷ್ಟೇ ಅಲ್ಲ, ಎರಡು ಸರ್ಕಾರಗಳ ಸೀಮೆಗಳನ್ನೂ ಜೋಡಿಸಿದ್ದವು. ಹಿಂದಿನ ಕಾಲದ ಸೇತುವೆಗಳು ಪಾಳುಬಿದ್ದಿದ್ದಾಗ, 19ನೆಯ ಶತಮಾನದ ಮೊದಲ ದಶಕಗಳಲ್ಲಿ ಅವುಗಳನ್ನು ಮತ್ತೆ ಕಟ್ಟಿಸಿದವರು ರಾಮಸ್ವಾಮಿ ಮೊದಲಿಯಾರ್. ಮೈಸೂರಿನ ಬ್ರಿಟಿಷ್ ರೆಸಿಡೆಂಟರ ಕಚೇರಿಯೊಡನೆ ಸಂಬಂಧವಿದ್ದ ಅವರು ಈ ಕಾರ್ಯಕ್ಕೆ ಸ್ವಂತ ಹಣ ವಿನಿಯೋಗಿಸಿ, ಪ್ರತಿಯಾಗಿ ಜಹಗೀರನ್ನೂ ‘ಜನೋಪಕಾರ ಕಾಮಕರ್ತ’ ಎಂಬ ಬಿರುದನ್ನೂ ಪಡೆದರು. ಒಂದು ಸೇತುವೆಗೆ ವೆಲ್ಲೆಸ್ಲಿಯ ಹೆಸರು ಬಂದರೆ, ಇನ್ನೊಂದಕ್ಕೆ 1827ರಿಂದ 1832ರವರೆಗೆ ಮದರಾಸಿನ ಗವರ್ನರ್ ಆಗಿದ್ದ ಲಷಿಂಗ್ಟನ್‌ನ ಹೆಸರು ಬಂದಿತು. ಕಟ್ಟಿಸಿದವರ ಹೆಸರು ಮಾತ್ರ ಎರಡಕ್ಕೂ ಬರಲಿಲ್ಲ.

ಈ ಸೇತುವೆಗಳ ರಚನೆ ಸರಳ. ನದಿಯ ತಳದಲ್ಲಿ ಸಾಲುಸಾಲಾಗಿ ಕಲ್ಲುಕಂಬಗಳು, ಕಂಬಗಳ ಮೇಲೆ ಕಲ್ಲಿನ ತೊಲೆಗಳು, ಅವುಗಳ ಮೇಲೆ ಹಾದಿ. ಶ್ರೀರಂಗಪಟ್ಟಣದ ಸೇತುವೆಯಲ್ಲಿ ಕಂಬದ ತಲೆಯ ಮೇಲೆ, ದೇವಾಲಯದ ಮಂಟಪಗಳಲ್ಲಿ ಕಾಣುವಂತೆಯೇ, ಎರಡೂ ಬದಿಗೆ ಚಾಚಿದ ಬೋದಿಗೆಗಳಿವೆ. ಇವು ಅಲಂಕಾರಕ್ಕಾಗಿ ಇಟ್ಟವಲ್ಲ. ಕಲ್ಲು ಎಷ್ಟು ಅದುಮಿದರೂ ತಡೆಯುತ್ತದೆ, ಆದರೆ ಎಳೆತವನ್ನು ತಡೆಯುವ ಅದರ ಶಕ್ತಿ ಅದುಮನ್ನು ತಡೆಯುವ ಶಕ್ತಿಯ ಹತ್ತರಲ್ಲಿ ಒಂದು ಪಾಲೂ ಇಲ್ಲ. ಎರಡು ಕಂಬಗಳ ಮೇಲೆ ಮಲಗಿಸಿದ ಕಲ್ಲುತೊಲೆಯ ಮೇಲೆ ಭಾರ ಬಿದ್ದಾಗ ಅದರ ಮೇಲ್ಮೈ ಅದುಮಿಗೆ ಒಳಗಾಗುತ್ತದೆ, ಕೆಳಮೈ ಎಳೆತಕ್ಕೆ ಸಿಲುಕುತ್ತದೆ. ಬಿರುಕು ಕೆಳಗಿನಿಂದ ಆರಂಭವಾಗಿ, ಮುನ್ಸೂಚನೆಯಿಲ್ಲದೆ ತೊಲೆ ಎರಡಾಗುತ್ತದೆ. ಇದನ್ನು ತಪ್ಪಿಸಲು ಇದ್ದ ಉಪಾಯವೆಂದರೆ ಕಂಬಗಳನ್ನು ಹತ್ತಿರ ಹತ್ತಿರ ನಿಲ್ಲಿಸುವುದು, ಬೋದಿಗೆಯಿಟ್ಟು ಉಳಿದ ಅಂತರವನ್ನೂ ಇನ್ನಷ್ಟು ಕುಗ್ಗಿಸುವುದು. ಅಂಕಣದ ಉದ್ದ ಅರ್ಧವಾದರೆ ಅದೇ ಚಕ್ರದ ಭಾರ ತೊಲೆಯನ್ನು ಬಾಗಿಸುವ ಶಕ್ತಿಯೂ ಅರ್ಧಕ್ಕಿಳಿಯುತ್ತದೆ.

ಕಂಬಗಳು ಹೆಚ್ಚಿದಷ್ಟೂ ನೀರಿನ ದಾರಿಗೆ ಅಡ್ಡಿಯೂ ಹೆಚ್ಚುತ್ತದೆ. ಹರಿವಿನ ವೇಗ ಎರಡು ಪಟ್ಟಾದರೆ ಕಂಬದ ಮೇಲೆ ಅದರ ನೂಕುಬಲ ನಾಲ್ಕು ಪಟ್ಟಾಗುತ್ತದೆ. ತೇಲಿಬಂದ ಮರದ ದಿಮ್ಮಿಗಳು ಕಂಬಗಳ ನಡುವೆ ಸಿಕ್ಕಿಕೊಂಡರೆ ಸೇತುವೆ ಅಣೆಕಟ್ಟಿನಂತಾಗುತ್ತದೆ. ನೀರು ಹಾದಿಯನ್ನೇ ಮುಳುಗಿಸಿದಾಗ ಇನ್ನೊಂದು ಅಪಾಯವಿದೆ: ಒಂದು ಸಾವಿರ ಕಿಲೋ ತೂಕದ ಕಗ್ಗಲ್ಲು ನೀರಿನೊಳಗೆ ಸುಮಾರು 620 ಕಿಲೋದಷ್ಟು ಮಾತ್ರ ತೂಗುತ್ತದೆ. ತನ್ನ ಭಾರದಿಂದಲೇ ಕೂತಿದ್ದ ಚಪ್ಪಡಿ ಹೀಗೆ ಹಗುರಾದಾಗ ಪ್ರವಾಹ ಅದನ್ನು ಎತ್ತಿ ಸರಿಸಬಲ್ಲದು. ಇಷ್ಟಿದ್ದೂ ಈ ಸೇತುವೆಗಳು ತಲೆಮಾರುಗಳ ಕಾಲ ಉಳಿದುದಕ್ಕೆ ಮುಖ್ಯ ಕಾರಣ ಕೆಳಗಿರುವ ಬಂಡೆ. ಮರಳಿನ ತಳವಾಗಿದ್ದರೆ ಪ್ರವಾಹ ಕಂಬದ ಬುಡವನ್ನೇ ಕೊರೆದು ಬಿಡುತ್ತಿತ್ತು. ಬಂಡೆಯ ಮೇಲೆ ಆ ಭಯವಿಲ್ಲ. ಕಲ್ಲಿನೊಳಗೆ ತುಕ್ಕು ಹಿಡಿಯುವ ಕಬ್ಬಿಣವೂ ಇಲ್ಲ.

ಕಲ್ಲು–ಇಟ್ಟಿಗೆಗಳ ಈ ದೌರ್ಬಲ್ಯವನ್ನು ಜಾಣತನದಿಂದ ದಾಟುವ ಇನ್ನೊಂದು ದಾರಿ ಕಮಾನು. 1850ರಲ್ಲಿ ಮದ್ದೂರಿನ ಬಳಿ ಶಿಂಷಾ ನದಿಗೆ ಕಟ್ಟಿದ ಏಳು ಕಮಾನುಗಳ ಇಟ್ಟಿಗೆ ಸೇತುವೆ ಇದಕ್ಕೆ ಉದಾಹರಣೆ. ಕಮಾನಿನಲ್ಲಿ ಮೇಲಿನ ಭಾರವೆಲ್ಲ ಬಾಗಿದ ಸಾಲಿನ ಗುಂಟ ಅದುಮಾಗಿಯೇ ಇಳಿಯುವುದರಿಂದ ಕಂಬಗಳ ನಡುವೆ ಹೆಚ್ಚು ಅಂತರ ಬಿಡಬಹುದು, ನೀರಿಗೂ ದಾರಿಯಾಗುತ್ತದೆ. ಮುಂದೆ 1902ರಲ್ಲಿ ಚಾಲನೆಗೊಂಡ ಶಿವನಸಮುದ್ರದ ವಿದ್ಯುದಾಗಾರಕ್ಕೆ ಬೇಕಾದ ಭಾರೀ ಯಂತ್ರಗಳು ರೈಲಿನಲ್ಲಿ ಮದ್ದೂರಿಗೆ ಬಂದು, ಅಲ್ಲಿಂದ ಮುಂದಕ್ಕೆ ಆನೆಗಳ ಮತ್ತು ಗಾಡಿಗಳ ನೆರವಿನಿಂದ ಸಾಗಿದವು.

ಆ ಕಾಲದ ರಸ್ತೆಯ ಸಾಮಾನ್ಯ ಲೆಕ್ಕ ಎತ್ತಿನ ಗಾಡಿ. ಅದರ ಒಂದೇ ಅಚ್ಚಿನ ಮೇಲೆ ಬೀಳುತ್ತಿದ್ದ ಭಾರ ಒಂದು ಟನ್ನಿನ ಆಸುಪಾಸು. 2018ರ ಪರಿಷ್ಕೃತ ನಿಯಮದಂತೆ ಎರಡು ಅಚ್ಚಿನ ಲಾರಿಯ ಒಟ್ಟು ತೂಕದ ಮಿತಿ 16.2 ಟನ್ನಿನಿಂದ 18.5 ಟನ್ನಿಗೆ ಏರಿತು; ನಾಲ್ಕು ಟೈರುಗಳ ಹಿಂದಿನ ಅಚ್ಚಿನ ಮಿತಿ 10.2ರಿಂದ 11.5 ಟನ್ನಿಗೆ ಏರಿತು. ಇಲ್ಲಿ ಗಮನಿಸಬೇಕಾದ ಸೂಕ್ಷ್ಮವೊಂದಿದೆ. ಕಲ್ಲುಸೇತುವೆಯ ಚಿಕ್ಕ ಅಂಕಣದ ಮೇಲೆ ಒಂದು ಗಳಿಗೆಗೆ ಒಂದೇ ಅಚ್ಚು ನಿಲ್ಲುತ್ತದೆ. ಆದುದರಿಂದ ಅಲ್ಲಿ ಲೆಕ್ಕಕ್ಕೆ ಬರುವುದು ಲಾರಿಯ ಒಟ್ಟು ತೂಕವಲ್ಲ, ಅತ್ಯಂತ ಭಾರದ ಅಚ್ಚು. ಗಾಡಿಗೆ ಹೋಲಿಸಿದರೆ ಅದು ಹತ್ತು ಪಟ್ಟಿಗೂ ಮಿಗಿಲು. ಮೂವತ್ತು ನಲವತ್ತು ಮೀಟರಿನ ಕಾಂಕ್ರೀಟು ಅಂಕಣದಲ್ಲಾದರೆ ಸಂಗತಿ ತಿರುಗುಮುರುಗು. ಅಲ್ಲಿ ಇಡೀ ಲಾರಿ, ಅದರ ಹಿಂದೆ ಸಾಲುಗಟ್ಟಿದ ಇನ್ನೊಂದು ಲಾರಿ, ಎಲ್ಲದರ ಒಟ್ಟು ತೂಕ ಸೇರುತ್ತದೆ. ಕಬ್ಬು ಅರೆಯುವ ಹಂಗಾಮಿನಲ್ಲಿ ಸೇತುವೆಯ ಮೇಲೆಯೇ ಟ್ರಾಕ್ಟರುಗಳೂ ಲಾರಿಗಳೂ ಸಾಲಾಗಿ ನಿಲ್ಲುವುದು ಈ ದೃಷ್ಟಿಯಿಂದ ಒಳ್ಳೆಯ ಅಭ್ಯಾಸವಲ್ಲ.

ಕಾಂಕ್ರೀಟು ಕೂಡ ಎಳೆತಕ್ಕೆ ಕಲ್ಲಿನಷ್ಟೇ ದುರ್ಬಲ. ಅದಕ್ಕೆ ಶಕ್ತಿ ಬರುವುದು ಕೆಳಭಾಗದಲ್ಲಿ ಹುದುಗಿಸಿದ ಉಕ್ಕಿನಿಂದ. ಆ ಉಕ್ಕೇ ಅದರ ಆಯುಷ್ಯದ ಮಿತಿಯೂ ಹೌದು. ತುಕ್ಕು ಹಿಡಿದ ಉಕ್ಕು ಉಬ್ಬಿ, ಸುತ್ತಲಿನ ಕಾಂಕ್ರೀಟನ್ನು ಸೀಳುತ್ತದೆ. ಸಮುದ್ರದ ಬಳಿ ಉಪ್ಪಿನಂಶದಿಂದ ಇದು ಬಹು ವೇಗವಾಗಿ ನಡೆಯುತ್ತದೆ. ರಾಮೇಶ್ವರದ ಪಾಂಬನ್ ಸಮುದ್ರಸೇತುವೆಯ ಚರಿತ್ರೆಯೇ ಉಪ್ಪಿನೊಡನೆ ನಡೆದ ಹೋರಾಟ. 1914ರಲ್ಲಿ ತೆರೆದ, ಎರಡು ಕಿಲೋಮೀಟರಿಗೂ ಉದ್ದದ ಆ ಉಕ್ಕಿನ ರೈಲುಸೇತುವೆಯನ್ನು 1964ರ ಡಿಸೆಂಬರಿನ ಚಂಡಮಾರುತ ಬಹುಪಾಲು ಕೆಡವಿತು; ಇ. ಶ್ರೀಧರನ್ ಅವರ ಹೊಣೆಯಲ್ಲಿ 46 ದಿನಗಳಲ್ಲಿ ಅದು ದುರಸ್ತಿಯಾಯಿತು. 2022ರ ಡಿಸೆಂಬರಿನಲ್ಲಿ ಅಲ್ಲಿ ರೈಲು ಸಂಚಾರ ನಿಂತಿತು. ಪಕ್ಕದ ಹೊಸ ಸೇತುವೆ 2025ರ ಏಪ್ರಿಲ್ 6ರಂದು ಉದ್ಘಾಟನೆಗೊಂಡಿತು. ಹಡಗುಗಳಿಗೆ ದಾರಿ ಬಿಡಲು ಅದರ 72.5 ಮೀಟರಿನ ಒಂದು ಅಂಕಣ ನೇರ ಮೇಲಕ್ಕೇರುತ್ತದೆ.

ಕರ್ನಾಟಕದ ಕರಾವಳಿಯಲ್ಲಿ ಇನ್ನೂ ಕಹಿಯಾದ ನಿದರ್ಶನವಿದೆ. 2024ರ ಆಗಸ್ಟ್ 7ರ ನಡುರಾತ್ರಿಯ ನಂತರ ಕಾರವಾರದ ಬಳಿ ಕಾಳಿ ನದಿಯ ಹಳೆಯ ಹೆದ್ದಾರಿ ಸೇತುವೆ ಕುಸಿಯಿತು. ಲಾರಿಯೊಂದು ನದಿಗೆ ಬಿದ್ದಿತಾದರೂ ಚಾಲಕ ಬದುಕಿ ಬಂದನು. ಆ ಸೇತುವೆಗೆ ಆಗ ವಯಸ್ಸು ಸುಮಾರು ನಲವತ್ತು ವರ್ಷ. ಪೂರ್ಣಯ್ಯನವರ ಸೇತುವೆಗೆ ಇನ್ನೂರ ಇಪ್ಪತ್ತು. ಆದರೆ ಈ ಹೋಲಿಕೆಯಿಂದ ಹಳೆಯದೇ ಮೇಲೆಂದು ಹೇಳುವುದು ಸರಿಯಲ್ಲ. ಒಂದು ಹೊತ್ತದ್ದು ಗಾಡಿಗಳನ್ನು, ಇನ್ನೊಂದು ಹೊತ್ತದ್ದು ಹಗಲಿರುಳು ಹೆದ್ದಾರಿಯ ಲಾರಿಗಳನ್ನು.

ಸಣ್ಣ ಉದ್ದಿಮೆದಾರರಿಗೆ ಇದರಲ್ಲಿ ನೇರವಾಗಿ ಸಂಬಂಧಿಸಿದ ಅಂಶ ಒಂದುಂಟು. ರಾಷ್ಟ್ರೀಯ ಹೆದ್ದಾರಿಯ ಸೇತುವೆಗಳನ್ನು ಇಂಡಿಯನ್ ರೋಡ್ಸ್ ಕಾಂಗ್ರೆಸ್ ನಿಗದಿಪಡಿಸಿದ ಭಾರವರ್ಗಗಳಿಗೆ ತಕ್ಕಂತೆ ಕಟ್ಟಲಾಗುತ್ತದೆ. ಆದರೆ ಹಳ್ಳಿಯ ಆಲೆಮನೆಗೋ ಅಕ್ಕಿಗಿರಣಿಗೋ ಹೋಗುವ ಕೊನೆಯ ಕೆಲವು ಕಿಲೋಮೀಟರುಗಳಲ್ಲಿ ನಾಲೆಗಳ ಮೇಲಿನ ಹಳೆಯ ಮೋರಿಗಳೂ ಕಿರುಸೇತುವೆಗಳೂ ಹಾಗಿರಲಾರವು. ಬಾಯ್ಲರು, ಗಾಣದ ರೋಲರು, ಟ್ರಾನ್ಸ್‌ಫಾರ್ಮರು ಮೊದಲಾದ ಒಂಟಿ ಭಾರದ ಸರಕನ್ನು ಸಾಗಿಸುವ ಮುನ್ನ ಆ ದಾರಿಯ ಸೇತುವೆಗಳ ಭಾರಮಿತಿಯನ್ನು ಲೋಕೋಪಯೋಗಿ ಇಲಾಖೆಯಲ್ಲಾಗಲಿ, ನಾಲೆಯ ಸೇತುವೆಯಾದರೆ ನೀರಾವರಿ ಕಚೇರಿಯಲ್ಲಾಗಲಿ ವಿಚಾರಿಸುವುದು ಲೇಸು. ಮಿತಿ ಕಡಿಮೆಯಿದ್ದಲ್ಲಿ ಹೆಚ್ಚು ಅಚ್ಚುಗಳುಳ್ಳ ಟ್ರೇಲರನ್ನು ಬಾಡಿಗೆಗೆ ಪಡೆದರೆ ಅದೇ ಸರಕಿನ ತೂಕ ಹಂಚಿಹೋಗುತ್ತದೆ. ಬಾಡಿಗೆ ಸ್ವಲ್ಪ ಹೆಚ್ಚೇ ಆದೀತು. ಸೇತುವೆಯ ಕೀಲುಗಳ ಮೇಲೆಯೂ ಹಳ್ಳಬಿದ್ದ ಹಾದಿಯ ಮೇಲೆಯೂ ವೇಗವಾಗಿ ನೆಗೆದು ಹೋಗುವ ಚಕ್ರ ತನ್ನ ತೂಕಕ್ಕಿಂತ ಹೆಚ್ಚಿನ ಪೆಟ್ಟು ಕೊಡುವುದರಿಂದ, ಇಂತಹ ಸರಕು ಸೇತುವೆಯನ್ನು ಒಂಟಿಯಾಗಿ, ನಡಿಗೆಯ ವೇಗದಲ್ಲಿ, ಹಾದಿಯ ನಡುಮಧ್ಯದಲ್ಲಿ ದಾಟುವಂತೆ ಚಾಲಕನಿಗೆ ಮೊದಲೇ ತಿಳಿಸಿರಬೇಕು.